ಹೆಣದ ಪಾತ್ರದಿಂದ ವಜಾ

ನಟನೆಯಲ್ಲಿ ಅತ್ಯಂತ ಸುಲಭವಾದ ಪಾತ್ರ ಹೆಣದ್ದು ಎಂದು ನಾನು ದೃಢವಾಗಿ ನಂಬಿದ್ದೆ. ಮಾತಿಲ್ಲ, ನಡೆಯಿಲ್ಲ, ಮಲಗಿದರೆ ಮುಗಿಯಿತು. ಧಾರವಾಡದ ಕಾಲೇಜಿನಲ್ಲಿ ನಾಟಕ ಆಡಿ ಬಂದ ನನಗೆ ಇದು ಯಾವ ಲೆಕ್ಕ!

ಎಣ್ಣೆಯ ಬೆಲೆ ಕುಸಿದ ಕಾಲ ಅದು. ಮಸ್ಕತ್ತಿನ ಕಂಪನಿಯೊಂದರಲ್ಲಿ ಪೈಪುಗಳ ನಕ್ಷೆ ಬರೆಯುತ್ತಿದ್ದ ನನ್ನನ್ನು ಒಂದು ಬೆಳಿಗ್ಗೆ ಕರೆದು, ಕೈ ಕುಲುಕಿ, ಖರ್ಜೂರ ಕೊಟ್ಟು ಮನೆಗೆ ಕಳಿಸಿದ್ದರು. ಅಲ್ಲಿನ ವಾದಿ ಕಬೀರ್ ಬಡಾವಣೆಯ ಫ್ಲ್ಯಾಟಿನಲ್ಲಿ ಕೂತು ವೀಸಾ ಮುಗಿಯುವುದನ್ನೇ ಕಾಯುತ್ತಿದ್ದೆ. ಪಕ್ಕದಲ್ಲಿ ಹೆಂಡತಿ ಸುಮಂಗಲಾ ಟರ್ಕಿಯ ಧಾರಾವಾಹಿ ನೋಡುತ್ತಿದ್ದಳು. ಮಾತೆಲ್ಲ ಅರಬ್ಬಿಗೆ ಡಬ್ ಆದದ್ದು. ಅವಳಿಗೆ ಎರಡೂ ಭಾಷೆ ಬಾರದು. ಆದರೂ ಅದರಲ್ಲಿ ಅಪ್ಪನ ಪಾತ್ರದ ಮುದುಕ ಅತ್ತರೆ ಇವಳೂ ಅಳುತ್ತಿದ್ದಳು.

ಕೆಳಗಿನ ಮನೆಯ ಹಮೀದ್ ಬಂದ. ಪುತ್ತೂರಿನವನು, ಬಾಡಿಗೆ ವ್ಯಾನ್ ಓಡಿಸುತ್ತಿದ್ದ.

"ಸಾರ್, ಇದೇ ಸೀರಿಯಲ್ಲಿನ ಶೂಟಿಂಗ್ ಇಲ್ಲಿಂದ ಎರಡು ಗಂಟೆ ದಾರಿಯ ಇಬ್ರಾ ಊರಲ್ಲಿ ಉಂಟು. ಈ ಮುದುಕನ ಮಗ ಸಾಯುವ ಸೀನು. ಮಗನ ಪಾರ್ಟಿನವ ಜಗಳ ಮಾಡಿ ಊರಿಗೆ ಹೋದನಂತೆ. ಮುಖಕ್ಕೆ ಬಟ್ಟೆ ಸುತ್ತುತ್ತಾರೆ, ಸತ್ತವರ ಹಾಗೆ ಬಿದ್ಕೊಂಡ್ರೆ ಆಯ್ತು. ಬರ್ತೀರಾ ಮಾರಾಯ್ರೆ?"

"ಸಾಯೂದು ನಿಮ್ಮ ಕೈಲೆ ಆಗತೈತೇನ್ರೀ?" ಎಂದಳು ಸುಮಂಗಲಾ. "ಮಲಗಿದ್ರ ಸಾಕು, ಗೊರಕಿ ಹೊಡೀತೀರಿ!"

"ಕಲಾ ಅಂದ್ರ ಹುಡುಗಾಟ ಅಲ್ಲ" ಎಂದು ಗಂಭೀರವಾಗಿ ನುಡಿದು ಹಮೀದನ ವ್ಯಾನ್ ಹತ್ತಿದೆ.

ಇಬ್ರಾದ ಹಳೆಯ ಮಣ್ಣಿನ ಮನೆಯೊಂದರ ಅಂಗಳದಲ್ಲಿ ಕಣ್ಣು ಮೂಗು ಮಾತ್ರ ಬಿಟ್ಟು ನನ್ನ ಮುಖಕ್ಕೆಲ್ಲ ಬಟ್ಟೆ ಸುತ್ತಿ ಮಲಗಿಸಿದರು. ಮುದುಕ ಬಂದು ನನ್ನ ಎದೆಯ ಮೇಲೆ ಕೈಯಿಟ್ಟು ಅಳತೊಡಗಿದ. ಮೊದಲ ಸಲ ಹೆಣದ ಹೊಟ್ಟೆ ಏರಿಳಿಯಿತು. ಎರಡನೆಯ ಸಲ ಮೂಗಿನ ಮೇಲೆ ನೊಣ ಕೂತಿತು. ಹೆಣ ಕೈಯೆತ್ತಿ ಅದನ್ನು ಓಡಿಸಿತು! ಮೂರನೆಯ ಸಲ ಹೆಣದ ಕಣ್ಣಿಂದ ನೀರಿಳಿಯಿತು. ನಾನೇನು ಮಾಡಲಿ? ನನ್ನ ಮೈಮೇಲೆ ಬಿದ್ದು ಯಾರಾದರೂ ಅಷ್ಟು ಅತ್ತದ್ದು ಅದೇ ಮೊದಲು. ಖರ್ಜೂರ ಕೊಟ್ಟವರಂತೂ ಅತ್ತಿರಲಿಲ್ಲ.

ನಿರ್ದೇಶಕ ಕೈಲಿದ್ದ ಟೋಪಿಯನ್ನು ನೆಲಕ್ಕೆ ಬಡಿದು ಚಹಾಕ್ಕೆ ಹೋದ. ಮುದುಕ ಮಾತ್ರ ನನ್ನ ಪಕ್ಕದಲ್ಲೇ ಕೂತ. ಹರುಕು ಮುರುಕು ಇಂಗ್ಲಿಷಿನಲ್ಲಿ, "ನೀನು ಕೆಡಿಸಿದ್ದು ಒಳ್ಳೆಯದೇ ಆಯಿತು. ಮೂರು ಸಲವೂ ನನಗೆ ಮುಂದಿನ ಮಾತು ಮರೆತಿತ್ತು" ಎಂದ.

ಹರೆಯದಲ್ಲಿ ಇಸ್ತಾಂಬುಲ್ಲಿನ ರಂಗದ ಮೇಲೆ ಅವನು ರಾಜನಾಗಿ ಮೆರೆದಿದ್ದನಂತೆ. ಆ ನಾಟಕಶಾಲೆ ಮುಚ್ಚಿತು. ಸಿನಿಮಾದಲ್ಲಿ ಕೆಲವು ಕಾಲ ಖಳನಾದ. ಕೂದಲು ಬೆಳ್ಳಗಾದ ಮೇಲೆ ಟಿವಿಯಲ್ಲಿ ಎಲ್ಲರ ಅಪ್ಪನಾದ.

"ನಾಟಕದಲ್ಲಿ ಪರದೆಯ ಹಿಂದೆ ನಿಂತು ಮಾತು ಹೇಳಿಕೊಡುವವನೊಬ್ಬ ಇರುತ್ತಿದ್ದ. ಇಲ್ಲಿ ಯಾರೂ ಇಲ್ಲ. ನನ್ನ ಮರೆವು ಇವರಿಗೆ ಗೊತ್ತಾದರೆ ಕಥೆಯಿಂದಲೇ ತೆಗೆದುಬಿಡುತ್ತಾರೆ."

ಕೆಲಸದಿಂದ ತೆಗೆಯುವ ವಿಷಯದಲ್ಲಿ ನಾನಾಗಲೇ ಅನುಭವಸ್ಥ. ಅವನ ಕೈ ಹಿಡಿದೆ.

ನಾಲ್ಕನೆಯ ಸಲ ನಾನು ಆದರ್ಶ ಹೆಣವಾದೆ. ಉಸಿರಿಲ್ಲ, ಅಲುಗಾಟವಿಲ್ಲ. ಮುದುಕ ಅಳುತ್ತ ಅಳುತ್ತ ಥಟ್ಟನೆ ನಿಂತುಬಿಟ್ಟ. ನನ್ನ ಎದೆಯ ಮೇಲಿದ್ದ ಅವನ ಬೆರಳುಗಳು ನನ್ನ ಅಂಗಿಯನ್ನು ಬಿಗಿಯಾಗಿ ಹಿಡಿದವು. ಮಾತು ಹೇಳಿಕೊಡೋಣವೆಂದರೆ ನನಗೆ ಅವನ ಭಾಷೆಯ ಒಂದು ಅಕ್ಷರವೂ ಬಾರದು.

ಎದ್ದು ಕೂತು ಕೆಮ್ಮಿದೆ. ಅಂಗಳದಾಚೆಯ ಮೇಕೆಗಳೂ ಬೆದರುವಂತೆ ಕೆಮ್ಮಿದೆ!

"ಖಲಾಸ್! ಇವನನ್ನು ಹೊರಗೆ ಹಾಕಿ!" ನಿರ್ದೇಶಕ ಕಿರುಚಿದ. ಬದುಕಿದ್ದವರ ಕೆಲಸದಿಂದ ಮೊದಲೇ ತೆಗೆದಿದ್ದರು. ಈಗ ಸತ್ತವರ ಕೆಲಸದಿಂದಲೂ ವಜಾ! ನನ್ನ ಮುಖದ ಬಟ್ಟೆ ಬಿಚ್ಚಿ ಹಮೀದನಿಗೆ ಸುತ್ತಿದರು. ಆ ಗದ್ದಲದ ನಡುವೆ ಮುದುಕನ ತುಟಿಗಳು ಮೆಲ್ಲಗೆ ಆಡುತ್ತಿದ್ದವು. ಮಾತು ಮರಳಿ ಸಿಕ್ಕಿತ್ತು.

ನಾವು ಊರಿಗೆ ಹೊರಡಲು ಸಾಮಾನು ಕಟ್ಟುತ್ತಿದ್ದಾಗ ಆ ದೃಶ್ಯ ಟಿವಿಯಲ್ಲಿ ಬಂತು. ಮುದುಕ ಎಲ್ಲೂ ತಡವರಿಸಲಿಲ್ಲ. ಸುಮಂಗಲಾ ಸೆರಗಿನಿಂದ ಕಣ್ಣೊರೆಸಿಕೊಂಡಳು.

"ಹಮೀದಣ್ಣ ಎಷ್ಟ್ ಚಂದ ಸತ್ತಾನ ನೋಡ್ರಿ!"

ಮರುದಿನದ ಕಂತಿನಿಂದ ಮುದುಕ ಕಾಣಿಸಲೇ ಇಲ್ಲ. ಕಥೆಯಲ್ಲಿ ಅವನನ್ನು ಯಾವುದೋ ದೂರದ ಊರಿಗೆ ಕಳಿಸಿಬಿಟ್ಟಿದ್ದರು. ಸುದ್ದಿ ತಂದವನು ಹಮೀದ್: "ಅವರನ್ನು ತೆಗೆದ್ರಂತೆ ಸಾರ್."

ನಾನು ಟೇಪಿನ ತುದಿ ಹುಡುಕತೊಡಗಿದೆ. ಅವನ ಮರೆವಿನ ಸಂಗತಿಯನ್ನು ನಾನು ಹೆಂಡತಿಗೂ ಹೇಳಿರಲಿಲ್ಲ.

ಸುಮಂಗಲಾ ನನ್ನನ್ನೇ ದಿಟ್ಟಿಸಿದಳು. "ನೀವ ಕೆಮ್ಮಿ ಕೆಡಿಸಿದ್ದಕ್ಕ! ಪಾಪ, ನಿಮ್ಮಿಂದನ ಆ ಹಿರ್ಯಾನ ಕೆಲಸ ಹೋತು!"

"ಇರಬಹುದು" ಎಂದು ಪೆಟ್ಟಿಗೆಗೆ ಟೇಪು ಅಂಟಿಸಿದೆ. ನನ್ನ ಕೆಲಸ ಉಳಿಸಿಕೊಳ್ಳಲಾಗದ ನನಗೆ, ಪರದೇಶದ ಮಹಾನಟನ ಕೆಲಸ ಕಳೆದ ಕೀರ್ತಿಯಾದರೂ ದಕ್ಕಿತಲ್ಲ!