ಮೊದಲ ಪಾಳಿಯ ಕ್ಯಾಪ್ಟನ್

ಬಾಳೇಶನ ಫಜೀತಿಗೆಲ್ಲ ಮೂಲ ಅವನ ಕಬ್ಬು ಹೂ ಬಿಟ್ಟದ್ದು. ಬೇರೆ ಯಾವ ಬೆಳೆ ಹೂ ಬಿಟ್ಟರೂ ರೈತ ಹಿಗ್ಗುತ್ತಾನೆ. ಕಬ್ಬು ಮಾತ್ರ ನೆತ್ತಿಯ ಮೇಲೆ ಬೆಳ್ಳಗೆ ತುರಾಯಿ ಎತ್ತಿತೆಂದರೆ ಒಳಗೊಳಗೇ ಬೆಂಡಾಗುತ್ತ, ದಿನದಿನಕ್ಕೂ ತೂಕ ಕಳೆದುಕೊಳ್ಳುತ್ತ, ನೋಡಲು ಭಾರಿ ಶೋಕಿಯಾಗಿ ನಿಂತುಬಿಡುತ್ತದೆ. ಶಿರಗುಪ್ಪಿಯ ಹೊಳೆದಾರಿಯ ಹೊಲಗಳಲ್ಲಿ ಮೊದಲು ತುರಾಯಿ ಎತ್ತಿದ್ದು ಬಾಳೇಶನ ಕಬ್ಬೇ. ಕಡಿಯುವ ಕೂಲಿಗಳ ಟೋಳಿ ಮೊದಲು ಅವನ ಹೊಲಕ್ಕೇ ಬರಬೇಕಿತ್ತು. ಇಲ್ಲದಿದ್ದರೆ ವರ್ಷದ ದುಡಿಮೆ ತುರಾಯಿಯ ಜೊತೆ ಗಾಳಿಗೆ ಹಾರುತ್ತಿತ್ತು.

ಟೋಳಿ ಇದ್ದದ್ದು ಒಂದೇ. ಮರಾಠಿ ಸೀಮೆಯ ಬೀಡ ಕಡೆಯಿಂದ ದೀಪಾವಳಿಗೆ ಬಂದು ಗುಡಿಸಲು ಹಾಕಿಕೊಂಡ, ಕೂಲಿಗಳ ಮೇಸ್ತ್ರಿ ನಾಮದೇವ ಮುಕಾದಮನ ಟೋಳಿ ಊರಾಚೆಯ ಕಬ್ಬು ಮುಗಿಸಿ ಈಗ ಹೊಳೆದಾರಿಗೆ ಬರುವುದಿತ್ತು. ಯಾರ ಹೊಲ ಮೊದಲು ಎಂಬುದನ್ನು ನೀವೇ ಬಗೆಹರಿಸಿಕೊಳ್ಳಿ ಎಂದು ಫ್ಯಾಕ್ಟರಿಯವರು ಹೇಳಿ ಹೋಗಿದ್ದರು. ಹೋದ ವರ್ಷ ಹಾಗೆ ಬಗೆಹರಿಸಿಕೊಳ್ಳಲು ಹೋಗಿ ಹೊಳೆದಾರಿಯ ಹಿರಿಯ ರೈತ ಕಾಕಾಸಾಹೇಬರೂ ಅವರ ಪಕ್ಕದ ಹೊಲದ ಸುಂದ್ರವ್ವನೂ ಯುಗಾದಿಯವರೆಗೆ ಮಾತು ಬಿಟ್ಟಿದ್ದರು.

ಈ ಸಲ ದಾರಿ ತೋರಿಸಿದವನು ಗೊಬ್ಬರದಂಗಡಿಯ ಶ್ರೇಣಿಕ. ಎರಡು ಮೂರು ವರ್ಷದಿಂದ ಊರಿಗೆ ಊರೇ ಫೋನಿನಲ್ಲಿ ಕ್ರಿಕೆಟ್ ಟೀಮು ಕಟ್ಟುವ ಹುಚ್ಚಿಗೆ ಬಿದ್ದಿತ್ತು. ಬ್ಯಾಟು ಯಾವ ಕಡೆಯಿಂದ ಹಿಡಿಯಬೇಕೆಂದು ಗೊತ್ತಿಲ್ಲದವರೂ ದಿನಕ್ಕೊಂದು ಟೀಮು ಕಟ್ಟುತ್ತಿದ್ದರು. ಸುಂದ್ರವ್ವ ಎಮ್ಮೆ ಹಿಂಡುತ್ತಲೇ ಪಿಚ್ ಹೇಗಿದೆಯೆಂದು ವಿಚಾರಿಸುತ್ತಿದ್ದಳು. ಹೋದ ಶ್ರಾವಣದಲ್ಲಿ ಸರ್ಕಾರ ರೊಕ್ಕ ಹಚ್ಚುವ ಆಟವನ್ನೆಲ್ಲ ಬಂದ್ ಮಾಡಿತು. ಆಟ ಬಂದಾಯಿತು, ಚಟ ಬಂದಾಗಲಿಲ್ಲ. ಆಗ ಶ್ರೇಣಿಕ 'ನಮ್ಮೂರ ಹನ್ನೊಂದು' ಎಂಬ ಆಟವನ್ನು ಫೋನಿಗೆ ತಂದ. ಅಥಣಿಯಿಂದ ನಿಪ್ಪಾಣಿಯವರೆಗೆ ಯಾವ ಊರಲ್ಲಿ ಟೆನಿಸ್ ಬಾಲ್ ಪಂದ್ಯ ನಡೆದರೂ ಎರಡೂ ಕಡೆಯವರಿಂದ ಹನ್ನೊಂದು ಮಂದಿಯನ್ನು ಆರಿಸಬಹುದು. ರೊಕ್ಕವಿಲ್ಲ, ಬರೀ ಮರ್ಯಾದೆ.

"ರೂಲ್ಸ್ ಭಾಳ ಸಾದಾ ಅದಾವು," ಎಂದು ಶ್ರೇಣಿಕ ಎಲ್ಲರನ್ನೂ ಅಂಗಡಿ ಮುಂದೆ ಕೂರಿಸಿಕೊಂಡು ಹೇಳಿದ್ದ. "ಕ್ಯಾಪ್ಟನ್ ಒಬ್ಬನ್ನ ಒತ್ತಿದ್ರೂ ಸಾಕು, ಉಳಿದ ಹತ್ತು ಮಂದಿನ ಫೋನೇ ತುಂಬತೈತಿ. ನಿಮ್ಮ ಕ್ಯಾಪ್ಟನ್ ಕಡೀತನಾ ನಾಟ್ ಔಟ್ ಉಳದ್ರ ಅವನ ಅಂಕ ಡಬಲ್. ಔಟಾದ್ರ ಅರ್ಧಾ. ಬರೂ ಆದಿತ್ಯಾರ ಕೊಕಟನೂರ ಟೀಮ್ ಬರಾಕತ್ತೈತಿ. ಒಂದ ಹೊಲಕ್ಕ ಒಂದ ಟೀಮ್. ಯಾರ್ದ ಮೊದಲ ಬರತೈತಿ, ಅವರ ಹೊಲಾ ಮೊದಲ."

ಎಲ್ಲರಿಗಿಂತ ಹಿಗ್ಗಿದವರು ಕಾಕಾಸಾಹೇಬರು. ಊರಿನಲ್ಲಿ ವಾರವಾರವೂ ಗೆಲ್ಲುತ್ತಿದ್ದದ್ದು ಅವರ ಟೀಮೇ. ಅವರು ಎದ್ದು ನಿಂತು ಒಂದು ಕಬ್ಬು ತರಿಸಿ ನಡುವೆ ಹಿಡಿದರು. "ಮೊದಲ ಬಂದಾವ್ರದು ಮೊದಲ ಪಾಳಿ. ಅವರ ಹ್ಯಾಂಗ ಹೇಳ್ತಾರ ಹಂಗ. ಆಮ್ಯಾಲ ಯಾರೂ ತಕರಾರ ತಗೀಬಾರದು. ಹಿಡೀರಿ ಕಬ್ಬ, ಮಾಡ್ರಿ ಆಣಿ!" ಎಂದರು. ಎಲ್ಲರೂ ಕಬ್ಬು ಹಿಡಿದು ಆಣೆ ಮಾಡಿದರು.

ಬಾಳೇಶ ಶಿರಗುಪ್ಪಿ ಟೀಮಿನ ಹನ್ನೊಂದನೆಯ ಆಟಗಾರ. ಆಟ ಬರುತ್ತಿತ್ತು ಎಂದಲ್ಲ. ಟೀಮನ್ನು ಊರೂರಿಗೆ ಕರೆದೊಯ್ಯುವ ಟ್ರ್ಯಾಕ್ಟರು ಅವನದಾಗಿತ್ತು, ಅವನನ್ನು ಬಿಟ್ಟು ಟ್ರ್ಯಾಕ್ಟರೊಂದನ್ನೇ ಕೇಳುವುದು ಯಾರಿಗೂ ಸರಿ ಕಾಣಲಿಲ್ಲ. ಇಷ್ಟು ವರ್ಷದಲ್ಲಿ ಅವನು ಒಂದು ಕ್ಯಾಚನ್ನೂ ಹಿಡಿದವನಲ್ಲ. ಮೇಲೆ ಹೋದ ಚೆಂಡು ಎಲ್ಲಿ ಬೀಳುತ್ತದೆಂದು ಅಂದಾಜು ಮಾಡಿ ಓಡುತ್ತಿದ್ದ, ಚೆಂಡು ಬೇರೆಲ್ಲೋ ಬೀಳುತ್ತಿತ್ತು.

ಭಾನುವಾರ ಬೆಳಿಗ್ಗೆ ಅವನು ಅಂಗಳದಲ್ಲಿ ಫೋನು ಹಿಡಿದು ಕೂತಿರುವಾಗ ಹೆಂಡತಿ ಅನುಸೂಯಾ ರೊಟ್ಟಿ ಬಡಿಯುವುದನ್ನು ಬಿಟ್ಟು ಹಿಟ್ಟಿನ ಕೈಯಲ್ಲೇ ಬಂದು ಬಗ್ಗಿ ನೋಡಿದಳು.

"ಕ್ಯಾಪ್ಟನ್ ಯಾರ್ನ ಮಾಡೀರಿ?"

"ಮಾಡೀನಿ ಬಿಡ, ಒಬ್ಬನ್ನ." ಬಾಳೇಶ ಫೋನನ್ನು ಮಗ್ಗುಲಿಗೆ ತಿರುಗಿಸಿದ.

"ತೋರಸ್ರಿ ಇಲ್ಲೆ."

ಕ್ಯಾಪ್ಟನ್ ಎಂಬಲ್ಲಿ ಬಾಳೇಶನ ಫೋಟೋ ಕೂತಿತ್ತು. ತೆಗೆಯುವಾಗ ಬಿಸಿಲು ಕಣ್ಣಿಗೆ ಹೊಡೆದಿದ್ದರಿಂದ ಅಳುತ್ತಿರುವವನಂತೆ ಕಾಣುತ್ತಿದ್ದ.

ಅನುಸೂಯಾ ನಕ್ಕಿದ್ದರೆ ಚೆನ್ನಾಗಿತ್ತು. ನಗಲಿಲ್ಲ. "ಅಲ್ಲಿ ಕಬ್ಬ ಬೆಂಡಾಗಾಕತ್ತೈತಿ, ಇಲ್ಲಿ ನಿಮಗ ಚ್ಯಾಷ್ಟಿ. ಹೋದ ವರ್ಷ ನೀವ ಬಿಟ್ಟ ಕ್ಯಾಚ್ ನೋಡಿ ನಮ್ಮ ತವರಮನ್ಯಾವ್ರು ನನಗ ಫೋನ್ ಮಾಡಿ ಸಮಾಧಾನ ಹೇಳ್ಯಾರ, ಗೊತ್ತೈತೇನ್ರಿ?"

"ಮನಸಿನ್ಯಾಗ ಒಂದ ಆಸೆ ಇತ್ತ..."

"ಮನಸಿನ್ಯಾಗ ಇರ್ಲಿ. ಟೀಮಿನ್ಯಾಗ ಬ್ಯಾಡ. ತಗೀರಿ ಹೆಸರ."

ಅವನು ತೆಗೆಯುವವರೆಗೂ ಅವಳು ಕಾಯಲಿಲ್ಲ. ಹಿಟ್ಟಿನ ಬೆರಳಿನಿಂದ ತಾನೇ ಒತ್ತಿ ಬಾಳೇಶನನ್ನು ಕ್ಯಾಪ್ಟನ್‌ಗಿರಿಯಿಂದಲೂ ಹನ್ನೊಂದು ಮಂದಿಯಿಂದಲೂ ತೆಗೆದುಹಾಕಿದಳು. ಅವನ ಜಾಗದಲ್ಲಿ ಕೊಕಟನೂರಿನ ದಾಂಡಿಗ ಮಾಳೇಶನನ್ನು ಕ್ಯಾಪ್ಟನ್ ಮಾಡಿದಳು.

"ವೈರಿ ಟೀಮಿನವನ್ನ? ಊರ ಮಂದಿ ಏನಂದಾರು?"

"ಊರ ಮಂದಿ ಬಂದು ನಿಮ್ಮ ಕಬ್ಬ ಕಡೀತಾರೇನ್ರಿ?" ಎಂದು ಅನುಸೂಯಾ ಒಲೆಯ ಕಡೆ ಹೋದಳು. ಬಾಳೇಶ ಪರದೆಯ ಮೇಲಿನ ಹಿಟ್ಟು ಒರೆಸಿಕೊಂಡು ಎದ್ದ.

ಮೈದಾನಕ್ಕೆ ಹೋಗುವ ಮುಂಚೆ ಅವನು ದಿನದ ಪದ್ಧತಿಯಂತೆ ಟೋಳಿಯ ಗುಡಿಸಲುಗಳ ಕಡೆಗೆ ಒಂದು ಕ್ಯಾನು ಮಜ್ಜಿಗೆ ತೆಗೆದುಕೊಂಡು ಹೋದ. ಮೊದಲು ನನ್ನ ಹೊಲಕ್ಕೆ ಬನ್ನಿ ಎಂದು ಕೇಳಿಕೊಳ್ಳಲು ಹಿಡಿದ ಮಜ್ಜಿಗೆ ಇದು. ದಿನಾ ಕೊಟ್ಟದ್ದಷ್ಟೇ ಬಂತು.

"ಮಾಲಕ್, ರೋಜ್ ಯಾಕ ತ್ರಾಸ ತಗೋತೀರಿ?" ಎಂದ ಮುಕಾದಮ ನಾಮದೇವ, ಕನ್ನಡ ಮರಾಠಿ ಎರಡನ್ನೂ ಒಂದೇ ಗಂಟು ಕಟ್ಟಿ. "ಈ ಊರಾಗ ನಮ್ಮನ್ನ ಮಾತಾಡ್ಸಾವ್ರು ನೀವೊಬ್ಬರ. ಪಣ್ ಮೀ ಕಾಯ್ ಕರೂ, ನಾ ಏನ್ ಮಾಡ್ಲಿ? ನಿಮ್ಮ ಮಂದಿ ಯಾವ ಹೊಲಾ ಅಂತಾರ, ಅಲ್ಲಿ ನಮ್ಮ ಕೋಯ್ತಾ."

ಕಬ್ಬು ಕಡಿಯುವ ಆ ಕೋಯ್ತಾ ಮಸೆಯುವ ಕಲ್ಲಿನ ಪಕ್ಕದಲ್ಲಿ ಅವನ ಫೋನು ಮಿನುಗುತ್ತಿತ್ತು. "ಶ್ರೇಣಿಕ ಶೇಟ್ ನಮಗೂ ಆಟ ಹಾಕಿಕೊಟ್ಟಾರ. ನಮ್ಮದೂ ಒಂದ ಟೀಮ್!" ಎಂದು ನಾಮದೇವ ಹಲ್ಲು ಬಿಟ್ಟ.

"ಆಡ್ರಿ, ಆಡ್ರಿ, ಹೊತ್ತ ಹೋಗತೈತಿ," ಎಂದು ಬಾಳೇಶ ದೊಡ್ಡ ಮನಸ್ಸಿನಿಂದ ಹೇಳಿ ಟ್ರ್ಯಾಕ್ಟರು ಏರಿದ.

ಪಂದ್ಯ ಶುರುವಾದಾಗ ಮೈದಾನದ ಸುತ್ತ ನಿಂತವರಲ್ಲಿ ಆಟ ನೋಡುವವರಿಗಿಂತ ಫೋನು ನೋಡುವವರೇ ಹೆಚ್ಚಿದ್ದರು. ಶಿರಗುಪ್ಪಿ ಮೊದಲು ಬ್ಯಾಟು ಹಿಡಿಯಿತು. ಊರಿನ ಹುಲಿ ಸತ್ಯಪ್ಪನನ್ನು ಕಾಕಾಸಾಹೇಬರಿಂದ ಹಿಡಿದು ಸುಂದ್ರವ್ವನವರೆಗೆ ಹೊಳೆದಾರಿಯ ಉಳಿದವರೆಲ್ಲ ಕ್ಯಾಪ್ಟನ್ ಮಾಡಿದ್ದರು. ಹುಲಿ ನಾಲ್ಕು ಚೆಂಡು ಆಡಿ ಸ್ಟಂಪು ಕಳೆದುಕೊಂಡು ಬಂತು. "ಅರ್ಧಾ ಆತಲ್ಲೋ ನನ್ನ ಟೀಮ್!" ಎಂದು ಕಾಕಾಸಾಹೇಬರು ಟೋಪಿ ತೆಗೆದು ನೆಲಕ್ಕೆ ಬಡಿದರು. ಅನುಸೂಯಾ ಸೆರಗು ಬಾಯಿಗೆ ಹಿಡಿದು ನಕ್ಕಳು. ತನ್ನೂರಿನ ವಿಕೆಟ್ಟು ಬಿದ್ದಾಗ ಹೀಗೆ ನಗುವುದು ಸರಿಯಲ್ಲ, ಆದರೆ ಅವತ್ತು ಮೈದಾನದಲ್ಲಿ ಸರಿಯಾಗಿದ್ದವರು ಯಾರೂ ಇರಲಿಲ್ಲ.

ಕೊನೆಗೆ ಬಾಳೇಶ ಬಂದ. ಎರಡು ಚೆಂಡು ಉಳಿದಿದ್ದವು. ಮೊದಲನೆಯದಕ್ಕೆ ಕಣ್ಣು ಮುಚ್ಚಿ ಬ್ಯಾಟು ಬೀಸಿದ. ಚೆಂಡು ಬ್ಯಾಟಿನ ಅಂಚು ಸವರಿಕೊಂಡು ಹಿಂದಿನ ಬೇಲಿಗೆ ಹೋಗಿ ಬಿತ್ತು. ನಾಲ್ಕು! ಇನ್ನೊಂದು ಅವನ ಹೊಟ್ಟೆಗೆ ಬಡಿದು ಅಲ್ಲೇ ನಿಂತಿತು. ಚೆಂಡುಗಳು ಮುಗಿದದ್ದರಿಂದ ನಾಟ್ ಔಟಾಗಿ, ಹೊಟ್ಟೆ ತಿಕ್ಕಿಕೊಳ್ಳುತ್ತ ಹೊರಬಂದ.

ಕೊಕಟನೂರಿನವರು ಆಡಲು ಬಂದ ಮೇಲೆ ಶಿರಗುಪ್ಪಿಗೆ ನಿಜವಾದ ಗ್ರಹಚಾರ ಶುರುವಾಯಿತು. ಮಾಳೇಶನನ್ನು ಕ್ಯಾಪ್ಟನ್ ಮಾಡಿದವನು ಬಾಳೇಶನೊಬ್ಬನೇ ಆದರೂ ಹನ್ನೊಂದರಲ್ಲಿ ಅವನನ್ನು ಸೇರಿಸಿಕೊಳ್ಳದವರು ಯಾರೂ ಇರಲಿಲ್ಲ, ಬಾಲು ಹಾಕುವವರೂ ಸೇರಿ. ಹಾಗಾಗಿ ಅವನಿಗೆ ಬಿದ್ದ ಚೆಂಡುಗಳೆಲ್ಲ ಬೀಗರಿಗೆ ಬಡಿಸಿದಂತೆ ಮೆತ್ತಗೆ ಬಿದ್ದವು. ಸತ್ಯಪ್ಪ ಕೈಗೆ ಬಂದ ಕ್ಯಾಚನ್ನು ಬಿಸಿ ಮುಟ್ಟಿದವನಂತೆ ಬಿಟ್ಟು, ಅಂಗೈ ಊದಿಕೊಂಡ. ಮಾಳೇಶನಿಗೇ ಸಂಕೋಚವಾಗಿ, "ಏನ್ರೋ, ನಿಮ್ಮೂರಾಗ ಇಷ್ಟ ಮರ್ಯಾದಿ ಕೊಡ್ತೀರಿ?" ಎಂದು ಕೇಳಿದ.

ಗೆರೆಯ ಹತ್ತಿರ ನಿಂತ ಬಾಳೇಶನಿಗೆ ಅನುಸೂಯಾ ಕೂಗಿ ಕೂಗಿ ವರದಿ ಕೊಡುತ್ತಿದ್ದಳು. "ನಾವ ಮೊದಲದೀವ್ರೀ! ಕಾಕಾಸಾಹೇಬ್ರು ನಮ್ಮ ಹಿಂದ ಅದಾರ!" ಬಾಳೇಶನ ಕಣ್ಣ ಮುಂದೆ ತುರಾಯಿಯೆಲ್ಲ ಉರುಳಿಬಿದ್ದು, ಕಬ್ಬು ಕಟ್ಟುಕಟ್ಟಾಗಿ ಟ್ರ್ಯಾಕ್ಟರು ಏರುವುದು ಕಾಣಿಸಿತು. ಆ ಖುಷಿಯಲ್ಲಿ ತನ್ನತ್ತ ಉರುಳಿಬಂದ ಚೆಂಡನ್ನು ಎತ್ತಿ ಸತ್ಯಪ್ಪನ ಕಡೆ ಎಸೆದ. ಅವನ ಎಸೆತ ಸತ್ಯಪ್ಪನ ಕಡೆ ಹೋಗಲೇ ಇಲ್ಲ. ನೇರವಾಗಿ ಸ್ಟಂಪಿಗೆ ಬಡಿದು, ಓಡುತ್ತಿದ್ದ ಮಾಳೇಶನ ಜೊತೆಗಾರ ರನ್ ಔಟಾದ. ಜನ ಒಂದು ಕ್ಷಣ ಫೋನಿನಿಂದ ಕಣ್ಣು ತೆಗೆದು ಬಾಳೇಶನನ್ನು ನೋಡಿದರು.

ಕೊನೆಯ ಚೆಂಡು ಬಂತು. ಕೊಕಟನೂರಿಗೆ ಒಂದು ಫೋರು ಬೇಕು. ಮಾಳೇಶ ಔಟಾಗದೆ ಉಳಿದರೆ ಬಾಳೇಶನ ಟೀಮು ಮೊದಲು, ಔಟಾದರೆ ನೆಲಕ್ಕೆ. ಮಾಳೇಶ ಹೊಡೆದ. ಚೆಂಡು ಹೊಡೆದ ಕೂಡಲೇ ನೆತ್ತಿಯ ಮೇಲೆ ಹೋಗಿ, ಅಲ್ಲಿ ಸ್ವಲ್ಪ ಯೋಚಿಸಿ, ಬಾಳೇಶನ ಕಡೆಗೆ ಇಳಿಯತೊಡಗಿತು.

"ಬಿಡ್ರೀ! ನಿಮ್ಮ ಕಾಲ ಬೀಳ್ತೀನಿ, ಬಿಟ್ಟಬಿಡ್ರೀ!" ಎಂದು ಅನುಸೂಯಾ ಚೀರಿದಳು.

"ಹಿಡಿಯೋ ಬಾಳ್ಯಾ! ಊರ ಮಾನಾ ನಿನ್ನ ಕೈಯಾಗ ಐತಿ!" ಎಂದು ಕಾಕಾಸಾಹೇಬರು ಅವಳಿಗಿಂತ ಜೋರಾಗಿ ಕೂಗಿದರು. ಊರ ಮಾನದ ನೆನಪು ಅವರಿಗೆ ಆ ಹೊತ್ತಿಗೆ ಸರಿಯಾಗಿ ಬಂದಿತ್ತು.

ಬಾಳೇಶ ಹೆಂಡತಿಯ ಮಾತು ಮೀರುವವನಲ್ಲ. ಚೆಂಡು ಎಲ್ಲಿ ಬೀಳುತ್ತದೆಂದು ಅಂದಾಜು ಮಾಡಿ ಅಲ್ಲಿಂದ ದೂರ ಓಡಿದ. ಇಷ್ಟು ವರ್ಷ ಹಿಡಿಯಲೆಂದು ಓಡಿದಾಗ ತಪ್ಪುತ್ತಿದ್ದ ಅಂದಾಜು, ತಪ್ಪಿಸಿಕೊಳ್ಳಲೆಂದು ಓಡಿದಾಗಲೂ ತಪ್ಪಿತು. ತಲೆಯೆತ್ತಿ ನೋಡಿದರೆ ಚೆಂಡು ಮೂಗಿನ ನೇರಕ್ಕೇ ಬರುತ್ತಿದೆ! ಮುಖ ಮುಚ್ಚಿಕೊಳ್ಳಲು ಎರಡೂ ಕೈ ಎತ್ತಿದ. ಚಟ್ಟೆಂದು ಸದ್ದಾಯಿತು. ಕಣ್ಣು ಬಿಟ್ಟಾಗ ಚೆಂಡು ಬೊಗಸೆಯಲ್ಲಿ ಕೂತಿತ್ತು.

ಆ ಕ್ಷಣ ಬಾಳೇಶ ಕಬ್ಬನ್ನು ಮರೆತ, ತುರಾಯಿಯನ್ನು ಮರೆತ, ಹೆಂಡತಿಯನ್ನೂ ಮರೆತ. ತಾನು ಒಂದು ಕ್ಯಾಚು ಹಿಡಿದೆ ಎಂಬುದೊಂದೇ ಅವನ ಮೈತುಂಬ ಇತ್ತು. ಚೆಂಡನ್ನು ಎತ್ತಿ ಹಿಡಿದು "ಹಿಡದ್ನೋ!" ಎಂದು ಎಷ್ಟು ಜೋರಾಗಿ ಕೂಗಿದನೆಂದರೆ ಅಂಪೈರು ಬೆಚ್ಚಿ ಬೆರಳೆತ್ತಿದ.

ಶಿರಗುಪ್ಪಿ ಕೊಕಟನೂರನ್ನು ಸೋಲಿಸಿ ಎಷ್ಟೋ ವರ್ಷವಾಗಿತ್ತು. ಜನ ಫೋನುಗಳನ್ನು ಕಿಸೆಗೆ ತುರುಕಿ ಮೈದಾನಕ್ಕೆ ನುಗ್ಗಿದರು. ಬಾಳೇಶನನ್ನು ಹೆಗಲ ಮೇಲೆ ಹೊತ್ತರು. ಒಂದು ಹೆಗಲು ಸ್ವತಃ ಕಾಕಾಸಾಹೇಬರದು. "ಹುಲಿ ನೀನೋ ಬಾಳ್ಯಾ, ಹುಲಿ!" ಎಂದು ಅವರು ಕುಣಿದರು. ಬಾಳೇಶನ ಟೀಮು ಬಿದ್ದ ಮೇಲೆ ಮೊದಲ ಪಾಳಿ ತಮ್ಮದೇ ಎಂದು ಅವರಿಗೆ ಖಾತ್ರಿಯಾಗಿತ್ತು.

ಶ್ರೇಣಿಕ ಟ್ರಾಲಿ ಏರಿ ಮೈಕು ಹಿಡಿದ. "ಕಡೀ ನಂಬರಿಂದ ಹೇಳ್ತೀನಿ. ಕಡೀದು, ಬಾಳೇಶಣ್ಣಂದು. ತನ್ನ ಕ್ಯಾಪ್ಟನ್ನ ತಾನ ಔಟ್ ಮಾಡ್ಯಾನ!" ಎಲ್ಲರೂ ನಕ್ಕರು. ಹೆಗಲ ಮೇಲಿದ್ದ ಬಾಳೇಶ ಹೆಂಡತಿಯ ಮುಖ ನೋಡುವ ಧೈರ್ಯ ಮಾಡಲಿಲ್ಲ. ಶ್ರೇಣಿಕ ಓದುತ್ತ ಓದುತ್ತ ಮೇಲೆ ಬಂದ. "ಮೂರನೇದು ಸುಂದ್ರವ್ವಂದು. ಎರಡನೇದು ಕಾಕಾಸಾಹೇಬರದು."

"ಎರಡನೇದ?" ಕಾಕಾಸಾಹೇಬರ ಹೆಗಲು ಒಮ್ಮೆಲೇ ಸಡಿಲಾಗಿ ಬಾಳೇಶ ಒಂದು ಕಡೆ ವಾಲಿದ. "ಮೊದಲನೇದ ಯಾರ್ದೋ ಹಂಗಾರ?"

"ನಾಮದೇವ ಮುಕಾದಮಂದ್ರಿ."

ಎಲ್ಲರೂ ತಿರುಗಿ ನೋಡಿದರು. ಬೇಲಿಯ ಹತ್ತಿರ ಟೋಳಿಯವರ ಜೊತೆ ನಿಂತಿದ್ದ ನಾಮದೇವ ನಾಚಿಕೊಂಡು ಮುಂದೆ ಬಂದ.

"ನನಗ ಆಟ ಏನ್ ತಿಳೀತೈತ್ರಿ? ಈ ಊರಾಗ ನನಗ ಗೊತ್ತಿರೂ ಹೆಸರ ಒಂದ, ಬಾಳೇಶ ಮಾಲಕ್. ರೋಜ್ ಮಜ್ಜಿಗಿ ತರ್ತಾರ. ಅವರ ಫೋಟೋ ಒತ್ತಿನಿ. ಬಾಕಿ ದಹಾ ಜಣ, ಆ ಫೋನೇ ತುಂಬಿಸ್ತು."

"ಬಾಕಿ ಹತ್ತು ಮಂದಿ ಎಲ್ಲಾರ ಟೀಮಿನಾಗ ಇದ್ದಾವ್ರ," ಎಂದ ಶ್ರೇಣಿಕ. "ಫರಕ ಬಾಳೇಶಣ್ಣ ಒಬ್ಬಂದ. ಫೋರ್, ರನ್ ಔಟ್, ಕ್ಯಾಚ್. ಅದೂ ನಾಟ್ ಔಟ್. ಎಲ್ಲಾ ಡಬಲ್!"

ಬೆಳಿಗ್ಗೆ ಹಿಟ್ಟಿನ ಬೆರಳು ಒತ್ತಿದ ಜಾಗ ಬಾಳೇಶನ ಕಣ್ಣ ಮುಂದೆ ಬಂತು. ಅನುಸೂಯಾಳ ಕಣ್ಣ ಮುಂದೆಯೂ ಬಂದಿರಬೇಕು, ಆ ಕೈಯನ್ನು ಸೆರಗಿನಲ್ಲಿ ಬಚ್ಚಿಟ್ಟುಕೊಂಡಳು.

"ಏ, ಅವಂಗ ಹೊಲಾ ಎಲ್ಲೈತೋ?" ಎಂದರು ಕಾಕಾಸಾಹೇಬರು.

"ಹೊಲಾ ಇಲ್ರಿ," ಎಂದ ನಾಮದೇವ ವಿನಯದಿಂದ. "ಪಣ್ ಪಾಳಿ ಐತಲ್ರಿ. ಒಂದ ಪಾಳಿ ಅಂದ್ರ ಎಷ್ಟ ದಿನಾ?"

"ನಾಕ ದಿನಾ," ಎಂದು ಯಾರೋ ಹೇಳಿಬಿಟ್ಟರು.

"ಹಂಗಾದ್ರ ನಾಕ ದಿನಾ ನಮ್ಮ ಕೋಯ್ತಾ ಗುಡಿಸಲದಾಗ. ದಿವಾಳಿಗೆ ಬಂದೀವಿ, ಒಂದ ದಿನಾ ಬೆನ್ನ ನೆಲಕ್ಕ ಹಚ್ಚಿಲ್ಲ. ನನ್ನ ಪಾಳಿಯೊಳಗ ಕಬ್ಬ ಕಡಿಯೂದಿಲ್ಲ. ಸುಟ್ಟೀ, ರಜಾ!"

ಟೋಳಿಯ ಹೆಂಗಸರು ಕೇಕೆ ಹಾಕಿದರು. ಕಾಕಾಸಾಹೇಬರು ಬಾಯಿ ತೆರೆದರು.

"ಕಬ್ಬ ಹಿಡದ ಆಣಿ ಮಾಡ್ಸಿದಾವ್ರು ನೀವ," ಎಂದಳು ಸುಂದ್ರವ್ವ, ಹೋದ ಯುಗಾದಿಯನ್ನು ನೆನೆದು. ಕಾಕಾಸಾಹೇಬರು ಬಾಯಿ ಮುಚ್ಚಿ ಹೆಗಲು ತೆಗೆದರು. ಬಾಳೇಶ ಬಿದ್ದೇ ಹೋಗುತ್ತಿದ್ದ. ಅಷ್ಟರಲ್ಲಿ ಟೋಳಿಯವರು ಓಡಿಬಂದು ಅವನನ್ನು ತಮ್ಮ ಹೆಗಲಿಗೆ ಎತ್ತಿಕೊಂಡರು. "ಅಮ್ಚಾ ಕ್ಯಾಪ್ಟನ್!" ಎಂದು ನಾಮದೇವ ತನ್ನ ರುಮಾಲನ್ನು ಬಾಳೇಶನ ತಲೆಗೆ ಸುತ್ತಿದ. ಹಲಗೆ ವಾದ್ಯ ಮೊಳಗತೊಡಗಿತು, ಮೆರವಣಿಗೆ ಹೊಳೆದಾರಿ ಹಿಡಿಯಿತು.

ಅನುಸೂಯಾ ಪಕ್ಕದಲ್ಲೇ ಓಡುತ್ತ ಬಂದಳು. "ಬರೂ ಆದಿತ್ಯಾರ ನಿಮ್ಮನ್ನ ಕ್ಯಾಪ್ಟನ್ ಮಾಡ್ತೀನ್ರೀ! ಖರೇ ಮಾಡ್ತೀನಿ!" ಎಂದು ಕೂಗಿದಳು. ಕಣ್ಣಲ್ಲಿ ನೀರಿತ್ತು. ಅದು ಕಬ್ಬಿಗಾಗಿಯೋ ಗಂಡನ ಮೇಲಿನ ಹೆಮ್ಮೆಗೋ ಅವಳಿಗೇ ಗೊತ್ತಿರಲಿಲ್ಲ.

ಹೆಗಲ ಮೇಲಿನಿಂದ ಬಾಳೇಶನಿಗೆ ತನ್ನ ಕಬ್ಬಿನ ನೆತ್ತಿ ಮೊದಲ ಸಲ ಪೂರ್ತಿ ಕಂಡಿತು. ಇಡೀ ಹೊಲದ ತುರಾಯಿಗಳು ಸಂಜೆಯ ಗಾಳಿಗೆ ಅವನಿಗೆ ಕೈ ಬೀಸುತ್ತಿದ್ದವು. ಇಷ್ಟು ದಿನ ಮಜ್ಜಿಗೆ ಹೊತ್ತು ಕರೆದ ಟೋಳಿ, ಮುಕಾದಮನ ಸಮೇತ, ಎಲ್ಲರಿಗಿಂತ ಮೊದಲು ಅವನ ಹೊಲಕ್ಕೇ ಬಂದಿತ್ತು. ಬದುವಿನ ಮೇಲೆ ನಿಂತು ಅವನಿಗೆ ಮೂರು ಸಲ ಜೈಕಾರ ಹಾಕಿತು. ಆಮೇಲೆ ಹಲಗೆ ಬಾರಿಸುತ್ತ, ಅವನನ್ನೂ ಹೊತ್ತುಕೊಂಡು, ಮುಂದೆ ಹೋಯಿತು.