ಅಪ್-ಡೌನ್ ಗ್ರೂಪಿನ ನಾಲ್ಕನೆಯ ನಿಯಮ

ಜನ ದೇವರನ್ನೂ ಮೊಬೈಲನ್ನೂ ಒಂದೇ ಕಿಸೆಯಲ್ಲಿ ಇಟ್ಟುಕೊಂಡು ತಿರುಗುವ ತನಕ ಇಂಥವು ನಡೆಯುತ್ತಲೇ ಇರುತ್ತವೆ. ನಾನು ತಡೆಯಲು ನೋಡಿದವನು. ಆದದ್ದನ್ನು ಆದಂತೆ ಬರೆಯುತ್ತೇನೆ.

ಸೋಲಾಪುರದಿಂದ ಅಕ್ಕಲಕೋಟಕ್ಕೆ ದಿನಾ ಮಹಾರಾಷ್ಟ್ರ ಸರಕಾರದ ಎಸ್‌ಟಿ ಬಸ್ಸಿನಲ್ಲಿ ಅಪ್-ಡೌನ್ ಮಾಡುವವರು ನಾವು ಹನ್ನೊಂದು ಮಂದಿ. ನಾನು ಅಲ್ಲಿನ ಒಂದು ಕಾಲೇಜಿನಲ್ಲಿ ಉಪಪ್ರಾಚಾರ್ಯ. ನನ್ನ ಪಕ್ಕದ ಸೀಟು ಉರ್ದು ಶಾಲೆಯ ಮಾಸ್ತರರದು. ಹದಿನೆಂಟು ವರ್ಷದಿಂದ ಕಿಟಕಿ ಅವರಿಗೆ, ಈ ತುದಿ ನನಗೆ. ಹಿಂದಿನ ಸೀಟಿನಲ್ಲಿ ಸರಕಾರಿ ಕಚೇರಿಯ ಒಬ್ಬ ಕ್ಲಾರ್ಕ್. ವಾಗದರಿಯವನು, ಊರ ಮನೆಯಲ್ಲಿ ಈಗಲೂ ಕುರಿಗಳಿವೆ, ಕುರುಬರ ದೇವರು ಬೀರೋಬನ ಭಕ್ತ.

ಬಸ್ಸು ಬಂತೋ ಇಲ್ಲವೋ ತಿಳಿಸಲು ವಾಟ್ಸಾಪ್ ಗ್ರೂಪ್ ಮಾಡಿದ್ದೆವು. ಅಡ್ಮಿನ್ ನಾನೇ. ನಾನು ಓದಿದ್ದು ಇಂಗ್ಲಿಷ್ ಮೀಡಿಯಂ ಶಾಲೆಯಲ್ಲಿ, ಆದ್ದರಿಂದ ಇಂಗ್ಲಿಷಿನಲ್ಲಿ ಏಳು ನಿಯಮ ಬರೆದು ಹಾಕಿದೆ. ನಾಲ್ಕನೆಯದು: ಧರ್ಮದ ಮೇಲೆ ಏನೂ ಹಾಕಬಾರದು, ನಗೆಚಾಟಿಕೆಯಂತೂ ಬೇಡವೇ ಬೇಡ. ಅಂಥ ಒಂದೇ ಒಂದು ಫೋಟೋದಿಂದ ನಮ್ಮ ಗಲ್ಲಿಯಲ್ಲಿ ಎರಡು ಮನೆಯವರು ಮಾತು ಬಿಟ್ಟದ್ದನ್ನು ನೋಡಿದ್ದೇನೆ. ನನ್ನ ಪಕ್ಕದ ಸೀಟಿಗೆ ಆ ಗತಿ ಬರಬಾರದಿತ್ತು.

೧. ಬೆಕ್ಕು

ರಮಜಾನಿನ ಮೊದಲ ವಾರವೇ ಗ್ರೂಪಿಗೆ ಒಂದು ಫೋಟೋ ಬಂತು. ಖರ್ಜೂರದ ತಟ್ಟೆಯ ಮುಂದೆ ಒಂದು ದಪ್ಪ ಬೆಕ್ಕು ಕೂತು, ಗೋಡೆ ಗಡಿಯಾರವನ್ನೇ ದಿಟ್ಟಿಸುತ್ತಿತ್ತು. ಕೆಳಗೆ, "ಇನ್ನೂ ಎರಡು ತಾಸು."

ಕಳಿಸಿದವರು ಖುದ್ದು ಮಾಸ್ತರರು. ನನಗೆ ಸಂಶಯ ಬಂತು. ಉಪವಾಸವನ್ನು ಹಂಗಿಸಲು ಯಾರೋ ಮಾಡಿದ ಚಿತ್ರ, ಈ ಸಾಧು ಮನುಷ್ಯ ತಿಳಿಯದೆ ಮುಂದೆ ಕಳಿಸಿದ್ದಾರೆ. ಒಂದು ನಿಮಿಷದೊಳಗೆ ಅಳಿಸಿದೆ. ಮರುದಿನ ಬಸ್ಸಿನಲ್ಲಿ ಮೆಲ್ಲಗೆ ಕೇಳಿದೆ.

"ಮಾಸ್ತರ, ಆ ಫೋಟೋ ನಿಮಗ ಯಾರು ಕಳಿಸಿದ್ರು?"

"ನಮ್ಮ ಮನಿಯಾಕಿ ಮಾಡ್ಯಾಳ್ರಿ."

"ನೋಡ್ರಿ, ಇಂಥಾವು ಯಾರನ್ನ ಅಪಮಾನ ಮಾಡಾಕ ತಯಾರ್ ಆಗತಾವ ಅಂತ ವಿಚಾರ ಮಾಡಬೇಕು."

"ನನ್ನನ್ನ ರೀ," ಅಂದರು ಮಾಸ್ತರರು. "ಆ ಬೆಕ್ಕು ನಾನ."

೨. ಮೂರು ಕಡೆಯಿಂದ

ಒಂದು ಶುಕ್ರವಾರ ನನ್ನ ಸ್ವಂತ ನಂಬರಿಗೆ ಮೂರು ಸಂದೇಶ ಬಂದವು. ಮಾಸ್ತರರದು ಜುಮ್ಮಾ ದಿನದ್ದು, ಕ್ಲಾರ್ಕನದು ಬೀರೋಬನದು, ನನ್ನ ತಂಗಿಯದು ದತ್ತ ಮಹಾರಾಜರದು. ಹನ್ನೊಂದು ಮಂದಿಗೆ ಕಳಿಸಿದರೆ ಒಳ್ಳೆಯ ಸುದ್ದಿ; ಕಳಿಸದವನೊಬ್ಬನ ಅಂಗಡಿ ಮೂರನೆಯ ದಿನ ಮುಚ್ಚಿತು. ಮೂರರಲ್ಲೂ ಅದೇ ಅಂಗಡಿ, ಅದೇ ಮೂರನೆಯ ದಿನ, ಕೊನೆಗೆ ಅದೇ ಎರಡು ಗುಲಾಬಿ ಹೂ. ದೇವರು ಮಾತ್ರ ಬೇರೆ.

ಎಲ್ಲ ಒಂದೇ ಕಾರ್ಖಾನೆಯ ಮಾಲು ಎಂದು ನನಗೆ ಖಾತ್ರಿಯಾಯಿತು. ಮೂರನ್ನೂ ಪಕ್ಕಪಕ್ಕ ಇಟ್ಟು ಇಬ್ಬರಿಗೂ ತೋರಿಸಿ, ಬಸ್ಸು ಊರು ದಾಟುವ ತನಕ ಭಾಷಣ ಮಾಡಿ, ಅವರ ಕಣ್ಣೆದುರೇ ಅಳಿಸಿದೆ. ಇಬ್ಬರೂ ತಲೆಯಾಡಿಸಿದರು.

ವಳಸಂಗದ ಹತ್ತಿರ ಬಸ್ಸು ಪಂಕ್ಚರ್ ಆಯಿತು.

ಬಿಸಿಲಿನಲ್ಲಿ ಇಳಿದು ನಿಂತೆವು. ಕ್ಲಾರ್ಕ್ ಗಾಲಿಯ ಕಡೆ ನೋಡುತ್ತ, "ಮಾಸ್ತರ, ಇದು ನಿಮ್ಮ ಕಡಿದೋ, ನಮ್ಮ ಕಡಿದೋ?" ಅಂದ.

ಮಾಸ್ತರರು ಯೋಚಿಸಿ, ನನ್ನ ಕಡೆ ಕೈ ಮಾಡಿ ಹೇಳಿದರು. "ಮೂರೂ ಕಡಿದು ಕೂಡಿದ್ರ ಬರೇ ಒಂದ ಗಾಲಿ ಹೋಗತಿದ್ದಿಲ್ಲ ಬಿಡೋ. ಇದು ಸಾಹೇಬ್ರ ತಂಗಿದು."

೩. ಚಪ್ಪಲಿ

ಇನ್ನೊಂದು ದಿನ ಹಿಂದಿನ ಸೀಟಿನಲ್ಲೂ ನನ್ನ ಪಕ್ಕದಲ್ಲೂ ದನಿ ಏರಿತು. ಮಾಸ್ತರರ ಮೊಬೈಲಿನಲ್ಲಿ ಒಂದು ಚಿತ್ರ ಇತ್ತು: ಒಬ್ಬ ಹೊಸ ಚಪ್ಪಲಿ ಹಾಕಿಕೊಂಡು ಮಸೀದಿಗೆ ಹೋಗುತ್ತಾನೆ, ಬರುವಾಗ ಬರಿಗಾಲು. ಕ್ಲಾರ್ಕ್ ಅದನ್ನು ನೋಡಿ ಬೀರೋಬನ ಗುಡಿಯ ಮಾತು ತೆಗೆದಿದ್ದ.

"ನಮ್ಮಲ್ಲಿ ಹಂಗ ಆಗೂದಿಲ್ಲ ಅಂತ ತಿಳ್ಕೋಬ್ಯಾಡ್ರಿ ಮತ್ತ," ಅಂತ ಅವನು.

"ನಿಮ್ಮಲ್ಲಿ ಏನ ಆಗತೈತಿ ಬಿಡೋ, ನಮ್ಮಷ್ಟು ಇಲ್ಲ," ಅಂತ ಇವರು.

ನಾನು ಹೆದರಿದ್ದು ಇದಕ್ಕೇ. ಎದ್ದು ಇಬ್ಬರ ನಡುವೆ ಕೈ ಅಡ್ಡ ಹಿಡಿದೆ. ಎಲ್ಲ ಧರ್ಮಗಳೂ ಸಮಾನ, ಇಲ್ಲಿಗೆ ಮುಗಿಸಿ ಎಂದೆ.

"ಸಮಾನ ಹೆಂಗ್ರಿ ಸರ್?" ಕ್ಲಾರ್ಕ್ ಬಿಡಲಿಲ್ಲ. "ಇವರಲ್ಲಿ ಒಬ್ಬನ ಚಪ್ಪಲಿ ಹೋಗೇತಿ. ನಮ್ಮಲ್ಲಿ ಪೂಜಾರಿದೂ ಬಿಟ್ಟಿಲ್ಲ."

೪. ಫ್ರಿಜ್

ರಮಜಾನಿನ ಕೊನೆಯ ವಾರ. ನಾನು ಬಸ್ಸು ಹತ್ತಿದ ಕೂಡಲೇ ಮಾತು ನಿಲ್ಲತೊಡಗಿತು. ಮೊಬೈಲುಗಳು ತೊಡೆಯ ಮೇಲೆ ಬೋರಲಾಗುತ್ತಿದ್ದವು. ಮಾಸ್ತರರು ಕಿಟಕಿಯ ಆಚೆ ಜೋಳದ ಹೊಲಗಳನ್ನು ಹೊಸದಾಗಿ ಕಂಡವರಂತೆ ನೋಡುತ್ತಿದ್ದರು. ಒಮ್ಮೆ ಕ್ಲಾರ್ಕನ ಮೊಬೈಲು ಮಿನುಗಿದಾಗ ನನ್ನ ಕಣ್ಣಿಗೆ ಬಿತ್ತು: 'ಅಪ್-ಡೌನ್ ೨.' ಸದಸ್ಯರು ಹತ್ತು ಮಂದಿ. ಹನ್ನೊಂದನೆಯವನು ನಾನು.

ನನಗೆ ಅರ್ಥವಾಯಿತು ಅಂದುಕೊಂಡೆ. ನಾನು ಅಳಿಸಿದ್ದು ಮಾಸ್ತರರ ಮನಸ್ಸಿಗೆ ನಾಟಿರಬೇಕು. ಹದಿನೆಂಟು ವರ್ಷ ಕಾಯ್ದ ಸೀಟನ್ನು ನಾನೇ ಕೆಡಿಸಿದೆನೇನೋ. ಹಬ್ಬ ಮುಗಿದ ಮೇಲೆ ಒಂದು ತಾಸು ಮೊದಲಿನ ಬಸ್ಸಿಗೆ ಹೋಗುವುದೆಂದು ನಿರ್ಧರಿಸಿದೆ.

ಆದರೆ ಈದ್ ಹಬ್ಬದ ದಿನ ಅವರ ಮನೆಗೆ ಹಾಲು-ಶಾವಿಗೆಯ ಶೀರಖುರ್ಮಾಕ್ಕೆ ಹೋಗುವುದು ಹದಿನೆಂಟು ವರ್ಷದ ಪದ್ಧತಿ. ಪದ್ಧತಿ ಮುರಿಯುವವನು ನಾನಲ್ಲ. ಹೋದೆ.

ಬಾಗಿಲಲ್ಲಿ ಶಾವಿಗೆ ತಿನ್ನುತ್ತ ನಿಂತಿದ್ದ ಮಾಸ್ತರರ ಮೊಮ್ಮಗಳು ನನ್ನನ್ನು ನೋಡಿ ಬಟ್ಟಲನ್ನು ಬೆನ್ನ ಹಿಂದೆ ಬಚ್ಚಿಟ್ಟಳು. ಒಳಗೆ ಓಡಿ, "ಅಜ್ಜಿ, ಅಂವಾ ಬಂದಾನ, ಫ್ರಿಜ್ಜಿನಾಂವ," ಎಂದಳು.

ನಾನು ನೇರ ಫ್ರಿಜ್ಜಿನ ಹತ್ತಿರ ಹೋದೆ. ಬಾಗಿಲ ಮೇಲೆ ನನ್ನದೇ ಫೋಟೋ, ದೊಡ್ಡದು. ಬಸ್ ಸ್ಟ್ಯಾಂಡಿನಲ್ಲಿ ಒಬ್ಬ ಕಿಟಕಿಯಿಂದ ಕರವಸ್ತ್ರ ಎಸೆದು ಸೀಟು ಹಿಡಿದಾಗ ನಾನು ಚಷ್ಮಾದ ಮೇಲಿನಿಂದ ನೋಡುತ್ತ ಬೆರಳೆತ್ತಿದ್ದೆ, ಆ ಹೊತ್ತಿನದು. ಕೆಳಗೆ ಉರ್ದುವಿನಲ್ಲಿ ಏನೋ ಬರೆದಿತ್ತು.

"ಓದಿ ಹೇಳ್ರಿ ಮಾಸ್ತರ."

ಮಾಸ್ತರರು ಗಂಟಲು ಸರಿ ಮಾಡಿಕೊಂಡರು. "ಹೊತ್ತು ಇನ್ನೂ ಮುಳುಗಿಲ್ಲ. ನಾ ನೋಡಾಕತ್ತೀನಿ."

"ಎಲ್ಲೆಲ್ಲಿ ಹೋಗೇತಿ ಇದು?"

"ಮೊದಲ ನಮ್ಮ ಓಣಿ ಅಷ್ಟ. ಆಮ್ಯಾಲ ಕಲಬುರಗಿ. ಈಗ ದುಬೈದಾಗೂ ಐತಂತರಿ. ಅಲ್ಲಿ ನಿಮ್ಮನ್ನ 'ರೋಜಾ ಸಾಹೇಬ' ಅಂತಾರ, ಉಪವಾಸದ ಸಾಹೇಬ."

"ನನ್ನ ಪರವಾನಗಿ ಕೇಳಿದ್ರೇನು?"

"ಕೇಳಿದ್ರ ಡಿಲೀಟ್ ಮಾಡತಿದ್ರಿ."

"ಅದಕ್ಕ ಇನ್ನೊಂದು ಗ್ರೂಪ?"

ಅವರು ನೆಲ ನೋಡಿದರು. "ನಿಮಗ ಗೊತ್ತಾಗಿ ಸಿಟ್ಟು ಬಂದು, ಎಲ್ಲಿ ಸೀಟು ಬದಲಿ ಮಾಡತೀರೋ ಅಂತ ಹೆದರಿದ್ದೆ. ಹದಿನೆಂಟು ವರ್ಷ ಆತಲ್ರಿ ಸಾಹೇಬ್ರ."

ಮೊದಲಿನ ಬಸ್ಸಿನ ಮಾತನ್ನು ನಾನು ನುಂಗಿಕೊಂಡೆ. ಆದರೂ ನಿಯಮ ನಿಯಮವೇ. ಚಿತ್ರ ತೆಗೆಯಿರಿ ಎನ್ನಲು ಬೆರಳೆತ್ತಿದೆ. ಮೊಮ್ಮಗಳು ಒಮ್ಮೆ ನನ್ನನ್ನು, ಒಮ್ಮೆ ಫ್ರಿಜ್ಜನ್ನು ನೋಡಿದಳು. ಬೆರಳು ಇಳಿಸಿದೆ.

ಅಷ್ಟರಲ್ಲಿ ಮಾಸ್ತರರ ಮುದಿ ತಾಯಿ ಒಳಗಿನಿಂದ ಶೀರಖುರ್ಮಾದ ಬಟ್ಟಲು ತಂದು ನನ್ನ ಕೈಗೆ ಕೊಟ್ಟರು.

"ಇರಲಿ ಬಿಡ್ರಿಯಪ್ಪಾ, ತಗೀಬ್ಯಾಡ್ರಿ. ಇದನ್ನ ಹಚ್ಚಿದಾಗಿಂದ ಹೊತ್ತು ಮುಳುಗೂತನಕ ನಮ್ಮ ಫ್ರಿಜ್ಜಿನ ಬಾಗಿಲಾ ಯಾರೂ ತಗದಿಲ್ಲ," ಎಂದು ಮಗನ ಕಡೆ ತಿರುಗಿದರು. "ಆ ಬೆಕ್ಕು ಸೈತ."