ಯಳವಿಯಲ್ಲಿ ಉಣ್ಣೆಯ ಬಸಿರು

ಹೆಣ್ಣಿನ ದೇಹ ಎಂದರೇನು ಎಂಬುದನ್ನು ಯಳವಿ ಊರಿಗೆ ಒಂದೇ ತಾಸಿನಲ್ಲಿ ಮನದಟ್ಟು ಮಾಡಿಸಬಲ್ಲೆ ಎಂದು ನಾನು ನಂಬಿದ್ದೆ. ಎಪ್ಪತ್ತರ ದಶಕದ ಆರಂಭ. ಆರು ತಿಂಗಳು ಮುಂಬೈಯಲ್ಲಿ ಹೊಸ ಕಲೆ ಕಲಿತು ಗಂಡನ ಊರಿಗೆ ಆಗಷ್ಟೇ ಮರಳಿದ್ದೆ. ನನ್ನ ಪ್ರಯೋಗದ ಫೋಟೊ ಮೆಚ್ಚಿಗೆಯಾದರೆ ವೇದಿಕೆ ಕೊಡುವುದಾಗಿ ಮುಂಬೈಯ ಒಂದು ಕಲಾಸಂಘ ಬರೆದಿತ್ತು.

ಪ್ರಯೋಗ ಸರಳ. ಸೀರೆಯೊಳಗೆ ಹೊಟ್ಟೆಗೆ ಕುರಿಯ ಉಣ್ಣೆ ಕಟ್ಟಿಕೊಂಡು, ಅಂಗಳದಲ್ಲಿ ಒಂದು ತಾಸು ಅಲುಗಾಡದೆ, ಮಾತಾಡದೆ ಕೂರುವುದು. ಕೊನೆಗೆ ಉಣ್ಣೆಯನ್ನು ಹಿಡಿಹಿಡಿಯಾಗಿ ಕಿತ್ತು ಗಾಳಿಗೆ ತೂರುವುದು. ಹೆಣ್ಣೆಂದರೆ ಬಸಿರಷ್ಟೇ ಅಲ್ಲ ಎಂದು ಅರ್ಥ! ಶಾಲಾ ಮಾಸ್ತರರಾದ ನನ್ನ ಗಂಡ ಎರವಲು ಕ್ಯಾಮೆರಾ ಹಿಡಿದು ನಿಂತರು. ಅವರೂ ಮಾತಾಡಕೂಡದೆಂದು ಆಣೆ ಹಾಕಿಸಿದ್ದೆ.

ಮೊದಲು ಬಂದವಳು ಪಕ್ಕದ ಮನೆಯ ಗಂಗವ್ವ, ಕುರಿ ಸಾಕುವವಳು. ನನ್ನ ಹೊಟ್ಟೆ ನೋಡಿ ಬೆರಳಲ್ಲಿ ತಿಂಗಳು ಎಣಿಸಿದಳು. ಮಾಸ್ತರರನ್ನು ದಿಟ್ಟಿಸಿದಳು. ಮತ್ತೊಮ್ಮೆ ಎಣಿಸಿ ಸಮಾಧಾನಗೊಂಡಳು.

"ಹೊಟ್ಟಿ ಇಷ್ಟು ಬಂದೈತಿ, ಇನ್ನೂ ಕುಬಸಾ ಮಾಡಿಲ್ಲಲ್ರಿ ಮಾಸ್ತರ."

ಮಾಸ್ತರರು ಬಾಯಿ ತೆರೆದರು. ಆಣೆ ನೆನಪಾಗಿ ಮುಚ್ಚಿದರು.

ಬಸುರಿಗೆ ಕುಬಸ ತಪ್ಪಿಸುವ ಊರಲ್ಲ ಅದು. ಹೆಂಗಸರು ಸೇರಿದರು. ಹತ್ತಿದ್ದರೋ ಮೂವತ್ತೋ, ನನ್ನ ನೆನಪು ವರ್ಷಕ್ಕೆ ಇಬ್ಬರನ್ನು ಸೇರಿಸುತ್ತ ಬಂದಿದೆ. ಮುಖಕ್ಕೆ ಅರಿಷಿಣ ಬಳಿದರು, ಹಸಿರು ಸೀರೆ ಸುತ್ತಿದರು, ಹಸಿರು ಬಳೆ ತೊಡಿಸಿದರು, ಅಕ್ಕಿ ಕೊಬ್ಬರಿಯಿಂದ ಉಡಿ ತುಂಬಿದರು. ಯಾರೋ ಬಾಯಿಗೆ ಉಂಡೆ ತುರುಕಿದರು. ಅಗಿಯುವುದೂ ಅಲುಗಾಟವೇ ಎಂದು ಹಾಗೇ ಇಟ್ಟುಕೊಂಡೆ.

ತೊಳೆಯದ ಉಣ್ಣೆಯಲ್ಲಿ ಉಣುಗು ಹುಳುಗಳಿದ್ದವು. ಅವಕ್ಕೆ ಕಲೆಯ ಬಗ್ಗೆ ಗೌರವವಿರಲಿಲ್ಲ. ಹೊಟ್ಟೆ ತಾನಾಗಿ ಕುಣಿಯಿತು.

"ಒದೀಲಿಕ್ಕತ್ತೈತಿ," ಎಂದು ಗಂಗವ್ವ ಕೈಯಿಟ್ಟಳು. ಕೈ ಅಲ್ಲೇ ನಿಂತಿತು. ಸೀರೆಯ ಸಂದಿನಿಂದ ಒಂದು ಎಳೆ ಎಳೆದು, ಬೆರಳಲ್ಲಿ ಹೊಸೆದು ನೋಡಿದಳು.

"ಇದು ನಮ್ಮ ಕರಿ ಕುರೀದು. ತೊಳೀದ ಯಾರರ ಕಟ್ಕೋತಾರೇನಬೇ?"

ಆಮೇಲೆ ಎದುರು ಕೂತು, ನನ್ನ ಬಸಿರನ್ನು ಹಿಡಿಹಿಡಿಯಾಗಿ ಕಿತ್ತಳು. ಪ್ರತಿ ಹಿಡಿಯಿಂದ ಹುಳು ಆರಿಸುತ್ತ, ಬೈಯುತ್ತ, ಉಣ್ಣೆಯನ್ನು ತನ್ನ ಬುಟ್ಟಿಗೆ ತುಂಬಿಕೊಂಡಳು. ಹೆಂಗಸರು ಬಿದ್ದು ಬಿದ್ದು ನಕ್ಕರು. ಮಾಸ್ತರರು ಪೂರ್ತಿ ರೀಲು ಖಾಲಿ ಮಾಡಿದರು. ನಾನು ತಾಸು ಮುಗಿಯುವವರೆಗೂ ಕೂತೇ ಇದ್ದೆ. ಛಲ!

ಫೋಟೊ ಕಳಿಸಿದ ತಿಂಗಳ ನಂತರ ಮುಂಬೈಯಿಂದ ಉತ್ತರ ಬಂತು. ಬಸಿರನ್ನು ಬಿಚ್ಚಿ ಹಸನು ಮಾಡುವ ಆ ಕಲಾವಿದೆ ಅದ್ಭುತ, ಅವರನ್ನು ಕೂಡಲೇ ಕಳಿಸಿಕೊಡಿ ಎಂದಿತ್ತು. ಹಸಿರು ಸೀರೆಯ ಬೊಂಬೆಯನ್ನು ಹೊತ್ತು ತರಬೇಕಿಲ್ಲವಂತೆ. ಅಲ್ಲೇ ಒಂದು ಮಾಡಿಸುತ್ತಾರಂತೆ.

ಗಂಗವ್ವನಿಗೆ ಓದಿ ಹೇಳಿದೆ.

"ಹೋಗಿ ಬರ್ತೀನಿ ತಗೋ. ಹೆಂಗೂ ನೀ ಖಾಲಿ ಅದಿ, ಕುರಿ ನೋಡ್ಕೋ."

ಎಂಟು ದಿನ ನೋಡಿಕೊಂಡೆ.